ಎಲ್ಲರೂ ಅರಸುಮಕ್ಕಳಾದ ನಾಡು

ದಕ್ಷಿಣ ಕೊರಿಯಾದ ದೇಜನ್ ನಗರದ ಅಂಚಿನಲ್ಲಿ, ಯುದುಂಗ್ ಹೊಳೆಯ ದಂಡೆಗೆ ಆತುಕೊಂಡು, ಪುರಿ ಎಂಬ ಉದ್ಯಾನವಿದೆ. ಪುರಿ ಎಂದರೆ ಬೇರು. 1997ರಲ್ಲಿ ತೆರೆದ ಈ ಉದ್ಯಾನದಲ್ಲಿ ಹೂವಿಗಿಂತ ಕಲ್ಲಿನದೇ ಕಾರುಬಾರು. ಹುಲ್ಲುಹಾಸಿನ ಮೇಲೆ ಇನ್ನೂರಕ್ಕೂ ಮಿಕ್ಕಿದ ಶಿಲ್ಪಗಳು ನಿಂತಿವೆ. ಒಂದೊಂದೂ ಒಂದೊಂದು ಮನೆತನದ್ದು, ಆಯಾ ಮನೆತನದವರೇ ಮಾಡಿಸಿ ನಿಲ್ಲಿಸಿದ್ದು. ಮೂಲಪುರುಷ ಯಾರು, ಯಾವ ಊರಿನವನು, ವಂಶದಲ್ಲಿ ಹೆಸರು ಗಳಿಸಿದವರು ಯಾರ್ಯಾರು ಎಂಬುದನ್ನು ಕಲ್ಲಿನಲ್ಲಿ ಬರೆಸಿದ್ದಾರೆ. ಪಕ್ಕದಲ್ಲೇ ವಂಶಾವಳಿಗಳಿಗೆಂದೇ ಕಟ್ಟಿದ ಒಂದು ಮ್ಯೂಸಿಯಂ. ಸೋಲ್‌ನ ಅರಮನೆಗಳನ್ನೂ ಬುಸಾನಿನ ಕಡಲನ್ನೂ ನೋಡಲು ಹೊರಟವರ ದಾರಿಯಲ್ಲಿ ಈ ತಾಣ ಸಿಗುವುದು ಕಷ್ಟ. ಆದರೂ ಕೊರಿಯಾದ ಪ್ರವಾಸವನ್ನು ಇಲ್ಲಿಂದ ಶುರುಮಾಡುವುದೇ ವಾಸಿ ಎನ್ನಬೇಕು, ಏಕೆಂದರೆ ಆ ದೇಶದಲ್ಲಿ ಹೊರಗಿನವರನ್ನು ಮೊದಲು ಕಾಡುವ ಸೋಜಿಗವೇ ಹೆಸರು. 2015ರ ಜನಗಣತಿಯ ಪ್ರಕಾರ ಕಿಮ್ ಎಂಬ ಕುಲನಾಮದವರು ಒಂದು ಕೋಟಿಗೂ ಹೆಚ್ಚು, ನೂರಕ್ಕೆ 21 ಮಂದಿ. ಲೀ ಎಂಬವರು ನೂರಕ್ಕೆ 15ರ ಆಸುಪಾಸು, ಪಾರ್ಕ್ ಎಂಬವರು 8. ಈ ಮೂರೇ ಕುಲನಾಮಗಳಲ್ಲಿ ದೇಶದ ಅರ್ಧಕ್ಕೆ ತುಸು ಕಡಿಮೆ ಜನ ಅಡಗಿಬಿಟ್ಟರು. ನಮ್ಮ ಹುಡುಗ ಹುಡುಗಿಯರು ತಲೆದೂಗುವ ಬಿಟಿಎಸ್ ತಂಡದ ಏಳು ಮಂದಿಯಲ್ಲಿ ಮೂವರು ಕಿಮ್, ಒಬ್ಬ ಪಾರ್ಕ್. ಆ ಮೂವರು ಕಿಮ್‌ಗಳು ಅಣ್ಣತಮ್ಮಂದಿರಲ್ಲ, ದಾಯಾದಿಗಳೂ ಅಲ್ಲ. ಸಿಗಲಾರದ್ದನ್ನು ಹುಡುಕುವವರನ್ನು ಕಂಡರೆ ‘ಸೋಲ್‌ನಲ್ಲಿ ಕಿಮ್ ಸೊಬಾಂಗ್‌ನನ್ನು ಹುಡುಕಿದ ಹಾಗೆ’ ಎಂದು ಕೊರಿಯನ್ನರೇ ನಗುತ್ತಾರೆ.

ಇಷ್ಟೊಂದು ಜನಕ್ಕೆ ಇಷ್ಟೇ ಇಷ್ಟು ಕುಲನಾಮಗಳೇಕೆ ಎಂದು ಕೇಳಿದರೆ ಥಟ್ಟನೆ ಬರುವ ಉತ್ತರ, ಹಳೆಯ ರಾಜವಂಶಗಳು ಹಬ್ಬಿ ಬೆಳೆದವು ಎಂಬುದು. ಉದ್ಯಾನದ ಕಲ್ಲುಗಳೂ ಅದನ್ನೇ ಹೇಳುತ್ತವೆ: ಇವರು ಇಂಥ ಅರಸನ ಮಕ್ಕಳು, ಅವರು ಇಂಥ ಮಂತ್ರಿಯ ಮೊಮ್ಮಕ್ಕಳು. ಕಲ್ಲು ಹೇಳುವುದು ಪೂರ್ತಿ ಸುಳ್ಳಲ್ಲ, ಆದರೆ ಅರ್ಧ ಕಥೆ. ಕೊರಿಯಾದ ಕುಲನಾಮ ರಕ್ತದ ದಾಖಲೆಗಿಂತ ಹೆಚ್ಚಾಗಿ ಅಂತಸ್ತಿನ ದಾಖಲೆ. ಮೊದಲು ಅರಸರು ಅದನ್ನು ಪಡೆದರು, ಆಮೇಲೆ ಶ್ರೀಮಂತರು, ಕೊನೆಗೆ ಗುಲಾಮರ ಮಕ್ಕಳು. ಮೇಲಿನವರ ಹೆಸರನ್ನು ಅಳಿಸಿ ಸಮಾಜವನ್ನು ಸಮಗೊಳಿಸಿದ ನಾಡುಗಳುಂಟು. ಕೊರಿಯಾದಲ್ಲಿ ಆದದ್ದು ಬೇರೆ: ಎಲ್ಲರೂ ಮೇಲಿನವರ ಹೆಸರನ್ನೇ ತೆಗೆದುಕೊಂಡರು. ಕಿಮ್‌ಗಳು ಅಷ್ಟು ಮಂದಿ ಇರುವುದು ಆ ಏರಿಕೆಯ ಗುರುತು ಎಂಬುದೇ ಈ ಬರಹದ ವಾದ.

ವಾದಕ್ಕೆ ಮುಂಚೆ ಹೆಸರಿನ ಕಟ್ಟಡವನ್ನು ಒಂದಿಷ್ಟು ನೋಡಬೇಕು. ಕೊರಿಯನ್ ಹೆಸರಿನಲ್ಲಿ ಸಾಮಾನ್ಯವಾಗಿ ಮೂರು ಅಕ್ಷರ. ಮೊದಲನೆಯದು ಕುಲನಾಮ, ಉಳಿದೆರಡು ಸೇರಿ ವ್ಯಕ್ತಿಯ ಹೆಸರು. ಇಷ್ಟು ಎಲ್ಲರಿಗೂ ಕಾಣುತ್ತದೆ. ಕಾಣದೆ ಇರುವ ನಾಲ್ಕನೆಯ ತುಂಡೊಂದಿದೆ, ಅದು ಬೊನ್‌ಗ್ವಾನ್, ಅಂದರೆ ವಂಶದ ಮೂಲ ಊರು. ಬರೀ ಕಿಮ್ ಎಂದರೆ ಏನೂ ಹೇಳಿದಂತಾಗಲಿಲ್ಲ. ಗಿಮ್‌ಹೇ ಊರಿನ ಕಿಮ್ ಬೇರೆ, ಗ್ಯೋಂಗ್ಜು ಊರಿನ ಕಿಮ್ ಬೇರೆ, ಆಂದೊಂಗ್ ಊರಿನ ಕಿಮ್ ಬೇರೆ. ಗಿಮ್‌ಹೇ ಕಿಮ್‌ಗಳೇ 2015ರಲ್ಲಿ 44 ಲಕ್ಷ ದಾಟಿದ್ದರು. ಮಿರ್ಯಾಂಗ್ ಪಾರ್ಕ್‌ಗಳು 31 ಲಕ್ಷ, ಜೋಸೊನ್ ಅರಸರ ಮನೆತನವಾದ ಜೊಂಜು ಲೀಗಳು 26 ಲಕ್ಷ. ಆ ಊರನ್ನು ಕಣ್ಣಿಂದಲೂ ನೋಡದೆ ತಲೆಮಾರುಗಳು ಕಳೆದಿರಬಹುದು, ಸೋಲ್‌ನ ಬಹುಮಹಡಿ ಕಟ್ಟಡದಲ್ಲೇ ಹುಟ್ಟಿ ಬೆಳೆದಿರಬಹುದು. ಆದರೂ ಸರ್ಕಾರಿ ದಾಖಲೆಯಲ್ಲಿ ಆ ಊರಿನ ಹೆಸರು ಕುಲನಾಮದ ಜೊತೆಗೇ ಇರುತ್ತದೆ. ಹಳೇ ಮೈಸೂರಿನ ಕಡೆಯವರಿಗೆ ಊರನ್ನು ಹೆಸರಿನೊಳಗೆ ಇಡುವ ಕ್ರಮ ಹೊಸದೇನಲ್ಲ. ಕುಪ್ಪಳಿ ವೆಂಕಟಪ್ಪ ಪುಟ್ಟಪ್ಪ ಎಂಬುದರಲ್ಲಿ ಊರು, ತಂದೆ, ತಾನು ಎಂಬ ಮೂರು ಮೆಟ್ಟಿಲಿದೆ. ವ್ಯತ್ಯಾಸವೆಂದರೆ ನಮ್ಮ ಊರಿನ ಹೆಸರು ಒಂದೆರಡು ತಲೆಮಾರಿಗೆ ಬದಲಾಗುತ್ತದೆ, ಇನ್ನೊಬ್ಬರ ಮದುವೆಗೆ ಅಡ್ಡ ಬರುವುದಿಲ್ಲ. ಕೊರಿಯಾದ್ದು ಸಾವಿರ ವರ್ಷಕ್ಕೂ ಬದಲಾಗುವುದಿಲ್ಲ, ಮದುವೆಗೆ ಅಡ್ಡ ಬರುತ್ತಿತ್ತು.

ಉಳಿದ ಎರಡು ಅಕ್ಷರಗಳಲ್ಲೂ ಒಂದು ಅನೇಕ ವೇಳೆ ವ್ಯಕ್ತಿಯದಲ್ಲ, ತಲೆಮಾರಿನದು. ಅದಕ್ಕೆ ದೊಲ್ಲಿಮ್‌ಜಾ ಎನ್ನುತ್ತಾರೆ. ಒಂದೇ ತಲೆಮಾರಿನ ಅಣ್ಣತಮ್ಮಂದಿರು, ದೊಡ್ಡಪ್ಪ ಚಿಕ್ಕಪ್ಪನ ಮಕ್ಕಳು, ಎಲ್ಲರ ಹೆಸರಿನಲ್ಲೂ ಒಂದು ಅಕ್ಷರ ಸಮಾನ. ನಮ್ಮ ರಸ್ತೆಯಲ್ಲಿ ಓಡುವ ಹ್ಯುಂಡೈ ಕಾರಿನ ಮನೆತನವನ್ನೇ ನೋಡಿ. ಕಂಪನಿ ಕಟ್ಟಿದವರು ಚಂಗ್ ಜು ಯಂಗ್, ತಮ್ಮಂದಿರು ಇನ್ ಯಂಗ್, ಸೆ ಯಂಗ್, ಸಾಂಗ್ ಯಂಗ್. ಇಲ್ಲಿ ‘ಯಂಗ್’ ಕೊನೆಯಲ್ಲಿದೆ. ಅವರ ಮಕ್ಕಳ ತಲೆಮಾರಿಗೆ ಬಂದರೆ ಮೊಂಗ್ ಕೂ, ಮೊಂಗ್ ಹನ್, ಮೊಂಗ್ ಜೂನ್, ಸಮಾನ ಅಕ್ಷರ ಮುಂದಕ್ಕೆ ಬಂತು. ಮೊಮ್ಮಕ್ಕಳು ಉಯ್ ಸನ್, ಜಿ ಸನ್, ಕಿ ಸನ್, ಮತ್ತೆ ಹಿಂದಕ್ಕೆ ಹೋಯಿತು. ಅನೇಕ ಮನೆತನಗಳಲ್ಲಿ ಮುಂದಿನ ಹತ್ತಾರು ತಲೆಮಾರಿಗೆ ಯಾವ ಅಕ್ಷರ ಎಂಬುದು ಈಗಾಗಲೇ ಗೊತ್ತಾಗಿದೆ. ಮರ, ಬೆಂಕಿ, ಮಣ್ಣು, ಲೋಹ, ನೀರು ಎಂಬ ಪಂಚತತ್ತ್ವಗಳ ಸರದಿಯಲ್ಲಿ, ಆಯಾ ತತ್ತ್ವದ ಚಿಹ್ನೆ ಒಳಗೊಂಡ ಚೀನೀ ಲಿಪಿಯ ಅಕ್ಷರಗಳನ್ನು ಆರಿಸಿ ಪಟ್ಟಿ ಮಾಡಿಟ್ಟಿರುತ್ತಾರೆ. ಹೀಗೆ ಅಪರಿಚಿತರಿಬ್ಬರು ಒಂದೇ ವಂಶದವರೆಂದು ತಿಳಿದರೆ, ಹೆಸರಿನ ಅಕ್ಷರ ನೋಡಿಯೇ ಯಾರು ಯಾರಿಗೆ ಚಿಕ್ಕಪ್ಪ ಎಂದು ಲೆಕ್ಕ ಹಾಕಬಹುದು. ವಯಸ್ಸಿನಲ್ಲಿ ಕಿರಿಯನಾದವನು ತಲೆಮಾರಿನಲ್ಲಿ ಹಿರಿಯನಾಗಿ ಬಿಡುವ ಮುಜುಗರವೂ ಇದರಲ್ಲೇ ಇದೆ. ಇಷ್ಟು ಮಾಡಿದ ಮೇಲೂ ಉಳಿದ ಆ ಒಂದೇ ಅಕ್ಷರದ ಸ್ವಂತಿಕೆಯನ್ನು ಯಾರೂ ಬಾಯಿಬಿಟ್ಟು ಕರೆಯುವುದಿಲ್ಲ. ಕಚೇರಿಯಲ್ಲಿ ಕುಲನಾಮಕ್ಕೆ ಹುದ್ದೆ ಸೇರಿಸಿ ಕಿಮ್ ಬುಜಾಂಗ್‌ನಿಮ್ ಎನ್ನಬೇಕು. ನೆರೆಮನೆಯಲ್ಲಿ ಮಗುವಿನ ಹೆಸರು ಹಿಡಿದು ಮಿನ್‌ಜುನ್ ಒಮ್ಮಾ, ಅಂದರೆ ಮಿನ್‌ಜುನ್‌ನ ಅಮ್ಮ. ತಂದೆಯ ಹೆಸರು ಹೇಳುವ ಸಂದರ್ಭ ಬಂದರೆ ಮರ್ಯಾದಸ್ಥರು ಒಂದೇ ಉಸಿರಿಗೆ ಹೇಳುವುದಿಲ್ಲ. ‘ಗಿಲ್ ಎಂಬ ಅಕ್ಷರ, ದೊಂಗ್ ಎಂಬ ಅಕ್ಷರ’ ಎಂದು ಬಿಡಿಬಿಡಿಯಾಗಿ ಒಪ್ಪಿಸುತ್ತಾರೆ.

ಈಗ ವಾದಕ್ಕೆ ಬರೋಣ. ದೇಜನ್ನಿನಿಂದ ಆಗ್ನೇಯಕ್ಕೆ ಇಳಿದು ಗ್ಯೋಂಗ್ಜು ಸೇರಿದರೆ ಶಿಲ್ಲಾ ರಾಜ್ಯದ ಹಳೆಯ ರಾಜಧಾನಿ ಸಿಗುತ್ತದೆ. ಊರಿನ ನಡುವೆಯೇ ಹಸಿರು ಹುಲ್ಲು ಹೊದ್ದ ಗುಡ್ಡಗಳಂಥ ಅರಸರ ಸಮಾಧಿಗಳು. ಅಲ್ಲಿನ ನಾಜೊಂಗ್ ಎಂಬ ಬಾವಿಯ ಬಳಿ ಸೋರೆಕಾಯಿಯಂಥ ಮೊಟ್ಟೆಯೊಂದರಿಂದ ಹ್ಯೊಕ್ಕೋಸೆ ಹುಟ್ಟಿದ, ಅವನಿಂದ ಪಾರ್ಕ್ ವಂಶ ಬೆಳೆಯಿತು ಎಂದು ಐತಿಹ್ಯ. ಸ್ವಲ್ಪ ದೂರದ ಗ್ಯೇರಿಮ್ ಎಂಬ ಕಾಡಿನಲ್ಲಿ ಮರದ ಕೊಂಬೆಗೆ ತೂಗಿದ ಚಿನ್ನದ ಪೆಟ್ಟಿಗೆಯಲ್ಲಿ ಸಿಕ್ಕ ಮಗು ಆಲ್ಜಿ, ಅವನಿಂದ ಗ್ಯೋಂಗ್ಜು ಕಿಮ್‌ಗಳು. ಬಾವಿಯ ಜಾಗಕ್ಕೂ ಕಾಡಿಗೂ ಇಂದಿಗೂ ಜನ ಹೋಗುತ್ತಾರೆ. ಕಥೆ ಸೊಗಸಾಗಿದೆ, ಆದರೆ ಅದೇ ಶಿಲ್ಲಾದ ಕಲ್ಲುಗಳು ಬೇರೆಯದನ್ನು ಹೇಳುತ್ತವೆ. ಗ್ಯೋಂಗ್ಜುವಿನಿಂದ ಪಶ್ಚಿಮಕ್ಕಿರುವ ಚಾಂಗ್‌ನ್ಯೊಂಗ್ ಎಂಬ ಸಣ್ಣ ಪಟ್ಟಣದಲ್ಲಿ ಅರಸ ಜಿನ್‌ಹಂಗ್ 561ರಲ್ಲಿ ನಿಲ್ಲಿಸಿದ ಶಾಸನವಿದೆ. ಅದರಲ್ಲಿ ಅವನ ಜೊತೆ ಬಂದ ಅಧಿಕಾರಿಗಳ ಪಟ್ಟಿ ಇದೆ: ಯಾವ ಕೇರಿಯವನು, ಹೆಸರೇನು, ಪದವಿ ಯಾವುದು. ಕುಲನಾಮ ಒಂದೂ ಇಲ್ಲ. ಅದೇ ಕಾಲದಲ್ಲಿ ಚೀನಾದ ದರ್ಬಾರಿನ ದಾಖಲೆಯಲ್ಲಿ ಮಾತ್ರ ಇದೇ ಅರಸ ‘ಕಿಮ್’ ಆಗಿ ಕಾಣಿಸಿಕೊಳ್ಳುತ್ತಾನೆ. ಇದರಿಂದ ಊಹಿಸುವುದು ಕಷ್ಟವಲ್ಲ. ಮನೆಯಲ್ಲಿ ಊರು, ಹೆಸರು, ಪದವಿ ಸಾಕಾಗಿತ್ತು. ಚೀನಾದಂಥ ದೊಡ್ಡ ದರ್ಬಾರಿನ ಎದುರು ನಿಲ್ಲುವಾಗ ಅಲ್ಲಿನವರಂತೆ ಒಂದು ಕುಲನಾಮ ಬೇಕಾಯಿತು. ಮೂಲದಲ್ಲಿ ಕಿಮ್ ಎಂಬುದು ಅರಸನೇ ತನಗಿಂತ ದೊಡ್ಡವರನ್ನು ನೋಡಿ ಕಟ್ಟಿಕೊಂಡ ಹೆಸರು. ಮೊಟ್ಟೆ ಮತ್ತು ಚಿನ್ನದ ಪೆಟ್ಟಿಗೆಯ ಕಥೆಗಳು ಬರಹಕ್ಕೆ ಇಳಿದದ್ದು ಹನ್ನೆರಡು, ಹದಿಮೂರನೇ ಶತಮಾನಗಳಲ್ಲಿ.

ಆಮೇಲಿನದು ಮೆಟ್ಟಿಲು ಮೆಟ್ಟಿಲಾಗಿ ಕೆಳಗಿಳಿದ ಕಥೆ. ಹತ್ತನೇ ಶತಮಾನದಲ್ಲಿ ಗೊರ್ಯೊ ರಾಜ್ಯ ಕಟ್ಟಿದ ವಾಂಗ್ ಗೊನ್ ತನಗೆ ನೆರವಾದ ಪಾಳೆಯಗಾರರಿಗೆ ಕುಲನಾಮಗಳನ್ನು ಕೊಟ್ಟ, ಅವರವರ ಸೀಮೆಯ ಹೆಸರು ಅದಕ್ಕೆ ಅಂಟಿಕೊಂಡಿತು. 1055ರಲ್ಲಿ ವಂಶದ ದಾಖಲೆಯಲ್ಲಿ ಹೆಸರಿಲ್ಲದವರು ಸರ್ಕಾರಿ ಪರೀಕ್ಷೆಗೆ ಕೂರುವಂತಿಲ್ಲ ಎಂಬ ಕಟ್ಟಳೆ ಬಂತು. ಅಲ್ಲಿಗೆ ಕುಲನಾಮ ಎಂದರೆ ಅಧಿಕಾರದ ಬಾಗಿಲಿನ ಕೀಲಿಕೈ ಎಂದಾಯಿತು. ಕೆಳಗಿನವರ ಕೈಗೆ ಅದು ಸಿಗಲಿಲ್ಲ. 1198ರಲ್ಲಿ ರಾಜಧಾನಿಯಲ್ಲಿ ಗುಲಾಮರ ದಂಗೆಗೆ ಸಂಚು ಹೂಡಿ ಸತ್ತವನು ಇತಿಹಾಸದಲ್ಲಿ ಬರೀ ಮಾನ್‌ಜೊಕ್. ಅವನ ಹಿಂದೆ ಮುಂದೆ ಏನೂ ಇಲ್ಲ. ಗೊರ್ಯೊ ಆದ ಮೇಲೆ ಬಂದ ಜೋಸೊನ್ ಅರಸರ ಕಾಲದಲ್ಲಿ ನೊಬಿ ಎಂದು ಕರೆಸಿಕೊಂಡ ಗುಲಾಮರು ಒಂದು ಹಂತದಲ್ಲಿ ಜನಸಂಖ್ಯೆಯ ಮೂರನೇ ಒಂದರಷ್ಟಿದ್ದರು ಎಂದು ಇತಿಹಾಸಕಾರರ ಅಂದಾಜು. ಅವರ ಹೆಸರುಗಳು ದೊಲ್‌ಸ್ವೆ, ಗೆತೊಂಗ್ ಎಂಬಂಥವು. ಮೊದಲನೆಯದರಲ್ಲಿ ಕಲ್ಲು ಕಬ್ಬಿಣ, ಎರಡನೆಯದರಲ್ಲಿ ನಾಯಿಯ ಹೇಲು. ಕುಲನಾಮದ ಮಾತೇ ಇಲ್ಲ.

1592ರಲ್ಲಿ ಜಪಾನ್ ದಂಡೆತ್ತಿ ಬಂದ ಮೇಲೆ ಈ ಗೋಡೆ ಬಿರುಕುಬಿಟ್ಟಿತು. ಬೊಕ್ಕಸ ಬರಿದಾಗಿತ್ತು. ಹೆಸರಿನ ಜಾಗ ಖಾಲಿ ಬಿಟ್ಟ ಪದವಿಪತ್ರಗಳನ್ನು ಸರ್ಕಾರವೇ ಅಕ್ಕಿಗೂ ಹಣಕ್ಕೂ ಮಾರತೊಡಗಿತು. ಕೈಯಲ್ಲಿ ಕಾಸಿದ್ದ ರೈತ ಆ ಖಾಲಿ ಜಾಗದಲ್ಲಿ ತನ್ನ ಹೆಸರು ಬರೆಸಿದ. ಮುಂದೆ ವಂಶಾವಳಿಯ ಪುಸ್ತಕವಾದ ಜೊಕ್‌ಬೊಗಳೂ ಮಾರಾಟಕ್ಕೆ ಬಂದವು. ಗಂಡುಸಂತಾನವಿಲ್ಲದೆ ನಿಂತುಹೋದ ಯಾವುದೋ ಕವಲಿಗೆ ಹಣ ಕೊಟ್ಟವರ ಅಜ್ಜನನ್ನು ಸೇರಿಸುವುದು ಒಂದು ಕಸುಬಾಯಿತು. ದೇಗು ಪ್ರದೇಶದ ಮನೆವಾರು ದಾಖಲೆಗಳನ್ನು ಕೂತು ಲೆಕ್ಕ ಹಾಕಿದ ಜಪಾನಿ ವಿದ್ವಾಂಸ ಶಿಕಾತಾ ಹಿರೋಶಿ ಕೊಟ್ಟ ಅಂಕಿಗಳು ಹೆಸರುವಾಸಿ: 1690ರಲ್ಲಿ ಯಾಂಗ್‌ಬಾನ್, ಅಂದರೆ ಕುಲೀನ ಎಂದು ಬರೆಸಿಕೊಂಡ ಮನೆಗಳು ನೂರಕ್ಕೆ 9. 1858ಕ್ಕೆ ಅವು ನೂರಕ್ಕೆ 70. ಇದೇ ಅವಧಿಯಲ್ಲಿ ನೊಬಿ ಮನೆಗಳು 37ರಿಂದ ಎರಡಕ್ಕೂ ಕೆಳಗೆ ಇಳಿದವು. ಈ ಅಂಕಿಗಳನ್ನು ಹಾಗೇ ನಂಬಬಾರದು ಎಂದು ಆಮೇಲಿನ ಸಂಶೋಧಕರು ಎಚ್ಚರಿಸಿದ್ದಾರೆ. ಕಂದಾಯದ ಕಾಗದದಲ್ಲಿ ಕುಲೀನನೆಂದು ಬರೆಸಿಕೊಂಡ ಮಾತ್ರಕ್ಕೆ ಊರಿನ ಹಳೆಯ ಕುಲೀನರು ಪಕ್ಕದಲ್ಲಿ ಕೂರಿಸಿಕೊಳ್ಳುತ್ತಿರಲಿಲ್ಲ. ಮಾತು ಸರಿಯೇ. ಆದರೆ ನನಗೆ ಬೇಕಾದದ್ದು ಆ ಕಾಗದವೇ. ಪಕ್ಕದಲ್ಲಿ ಕೂರಿಸಿಕೊಳ್ಳದವರು ಸತ್ತುಹೋದರು, ಕಾಗದ ಉಳಿಯಿತು. 1894ರಲ್ಲಿ ಗುಲಾಮಗಿರಿಯನ್ನು ಕಾನೂನಿನಿಂದ ತೆಗೆದುಹಾಕಿದರು. 1909ರ ನೋಂದಣಿ ಕಾನೂನು ಪ್ರತಿಯೊಬ್ಬರಿಗೂ ಕುಲನಾಮ ಇರಲೇಬೇಕೆಂದಿತು. ಇಲ್ಲದವರು ಹಳೆಯ ಯಜಮಾನನದ್ದನ್ನೋ, ಊರಿನಲ್ಲಿ ಬಲವಾಗಿದ್ದ ಮನೆತನದ್ದನ್ನೋ, ಗುಮಾಸ್ತ ಸೂಚಿಸಿದ್ದನ್ನೋ ಬರೆಸಿದರು.

ಇಲ್ಲಿ ಒಂದು ಆಕ್ಷೇಪಣೆ ನ್ಯಾಯವಾಗಿಯೇ ಏಳುತ್ತದೆ. ಅರಸರಿಗೂ ಶ್ರೀಮಂತರಿಗೂ ಹೆಂಡಿರು ಹೆಚ್ಚು, ಅನ್ನ ಹೆಚ್ಚು, ಬದುಕುಳಿದ ಮಕ್ಕಳೂ ಹೆಚ್ಚು. ಜೋಸೊನ್ ಆಳಿದ ಐನೂರು ವರ್ಷದಲ್ಲಿ ಅವರ ಸಂತತಿಯೇ ದೇಶ ತುಂಬಿತು ಎಂದರೇನು ತಪ್ಪು? ಹಾಗೆ ಸ್ವಲ್ಪ ಮಟ್ಟಿಗೆ ಆಗಿರಲೂಬಹುದು. ಆದರೆ ಆ ಮೂರನೇ ಒಂದರಷ್ಟು ಗುಲಾಮರ ಮರಿಮಕ್ಕಳು ಎಲ್ಲಿ ಹೋದರು ಎಂಬುದಕ್ಕೆ ಈ ಉತ್ತರದಲ್ಲಿ ಜಾಗವಿಲ್ಲ. ಇವತ್ತು ಕೊರಿಯಾದಲ್ಲಿ ಗುಲಾಮರ ಕುಲನಾಮ ಎಂದು ಗುರುತಿಸಬಹುದಾದದ್ದು ಒಂದೂ ಇಲ್ಲ. ಇನ್ನೊಂದು ಸಾಕ್ಷಿ ನೆರೆಯ ಜಪಾನಿನದು. ಅಲ್ಲಿ 1875ರಲ್ಲಿ ಸಾಮಾನ್ಯರೆಲ್ಲ ಕುಲನಾಮ ಇಟ್ಟುಕೊಳ್ಳಲೇಬೇಕೆಂದು ಆಜ್ಞೆಯಾಯಿತು. ಜನ ಗದ್ದೆ, ಬೆಟ್ಟ, ಹೊಳೆ, ಸೇತುವೆ ಎಂದು ಕಣ್ಣಿಗೆ ಬಿದ್ದದ್ದರಿಂದ ಹೆಸರು ಕಟ್ಟಿಕೊಂಡರು. ಇಂದು ಜಪಾನಿನಲ್ಲಿ ಕುಲನಾಮಗಳು ಲಕ್ಷಕ್ಕೂ ಹೆಚ್ಚು ಎಂಬ ಅಂದಾಜಿದೆ. ಕೊರಿಯಾದಲ್ಲಿ 1930ರ ಗಣತಿಯಲ್ಲಿ ಸಿಕ್ಕ ಕುಲನಾಮಗಳು 250. 2000ದಲ್ಲಿ ದಕ್ಷಿಣದಲ್ಲಿ 286. ಆಜ್ಞೆ ಹೆಚ್ಚುಕಡಿಮೆ ಒಂದೇ, ಜನರ ಆಯ್ಕೆ ಬೇರೆ. ಗದ್ದೆಯ ಹೆಸರು ಯಾರಿಗೂ ಬೇಡವಾಯಿತು. ಮುನ್ನೂರು ವರ್ಷ ಹಣ ಕೊಟ್ಟು ಕೊಳ್ಳುತ್ತಿದ್ದ ಹೆಸರು ಬಿಟ್ಟಿ ಸಿಗುವಾಗ ಬೇರೆ ಹೆಸರನ್ನು ಯಾರು ಕೇಳುತ್ತಾರೆ? ನಮ್ಮಲ್ಲಿ ಸಮತೆ ಬಯಸಿದವರು ಹೆಸರಿನ ಹಿಂದಿನ ಜಾತಿಯ ಬಾಲವನ್ನು ಕತ್ತರಿಸಿದರು, ಶಾಲೆಗೆ ಸೇರಿಸುವಾಗ ಮಕ್ಕಳಿಗೆ ಬರೀ ಇನಿಷಿಯಲ್ ಕೊಟ್ಟರು. ಕೊರಿಯನ್ನರು ಇದಕ್ಕೆ ತದ್ವಿರುದ್ಧ ದಾರಿ ಹಿಡಿದು, ಎಲ್ಲರಿಗೂ ಒಂದೇ ಬಾಲ ಅಂಟಿಸಿಕೊಂಡು, ಬಾಲ ನೋಡಿ ಯಾರನ್ನೂ ಗುರುತಿಸಲಾಗದಂತೆ ಮಾಡಿದರು. ಎರಡರಲ್ಲಿ ಕೊರಿಯಾದ ದಾರಿಯೇ ಹೆಚ್ಚು ಫಲ ಕೊಟ್ಟಿತೆಂದು ನನಗನ್ನಿಸುತ್ತದೆ. ಕತ್ತರಿಸಿದ ಜಾಗದಲ್ಲಿ ‘ಪೂರ್ತಿ ಹೆಸರೇನು?’ ಎಂಬ ಪ್ರಶ್ನೆ ನಮ್ಮಲ್ಲಿ ಇನ್ನೂ ಉಳಿದಿದೆ, ಅಲ್ಲಿ ಉಳಿದಿಲ್ಲ.

ಹಾಗಾದರೆ ಈ ವಂಶಾವಳಿಗಳೆಲ್ಲ ಕಟ್ಟುಕಥೆ, ಆ ಉದ್ಯಾನದ ಕಲ್ಲುಗಳೆಲ್ಲ ದುಡ್ಡಿನ ದಂಡ ಎಂದು ಎರಡನೆಯ ಆಕ್ಷೇಪಣೆ. ಮೊದಲ ಕಿಮ್‌ನೇ ಹೆಸರನ್ನು ಎರವಲು ತಂದವನಾದರೆ ಕೊನೆಯ ಕಿಮ್‌ನನ್ನು ಮಾತ್ರ ನಕಲಿ ಎನ್ನುವುದು ಯಾವ ನ್ಯಾಯ? ಇದಕ್ಕಿಂತ ಗಟ್ಟಿಯಾದ ಉತ್ತರವನ್ನು ಇತಿಹಾಸವೇ ಕೊಟ್ಟಿದೆ. 1939ರಲ್ಲಿ ಜಪಾನಿನ ವಸಾಹತು ಸರ್ಕಾರ ಕೊರಿಯನ್ನರು ಜಪಾನಿ ಮಾದರಿಯ ಮನೆತನದ ಹೆಸರನ್ನು ಹೊಂದಬೇಕೆಂದು ಕಟ್ಟಳೆ ಹೊರಡಿಸಿತು. 1940ರ ಫೆಬ್ರುವರಿ 11ರಿಂದ ಆರು ತಿಂಗಳ ಗಡುವು. ಒತ್ತಡದಲ್ಲಿ ಸುಮಾರು ನೂರಕ್ಕೆ 80 ಮನೆಗಳು ಬರೆಸಿದವು. ಬರೆಸಿದ್ದೇನು ಎಂಬುದು ಸ್ವಾರಸ್ಯ. ಕಿಮ್‌ಗಳು ಅನೇಕರು ಕಾನೆಮೊತೊ, ಕಾನೆದಾ ಎಂದು ಬರೆಸಿದರು, ಅದರ ಮೊದಲಕ್ಷರ ಅದೇ ಕಿಮ್‌ನ ಲಿಪಿ. ಪಾರ್ಕ್‌ಗಳಲ್ಲಿ ಹಲವರು ಆರಾಯ್ ಎಂಬುದನ್ನು ಆರಿಸಿಕೊಂಡರು. ಅದರಲ್ಲಿ ಬಾವಿಯ ಅಕ್ಷರವಿದೆ, ಗ್ಯೋಂಗ್ಜುವಿನ ಆ ನಾಜೊಂಗ್ ಬಾವಿ. ಮುಂದೆ ಅಧ್ಯಕ್ಷನಾದ ಪಾರ್ಕ್ ಚುಂಗ್ ಹೀ ಆಗ ತಾಕಾಗಿ ಆದ. ಗೊರ್ಯೊಂಗ್ ಊರಿನ ಪಾರ್ಕ್ ವಂಶದವನಾದ ಅವನ ಹೊಸ ಹೆಸರಿನಲ್ಲಿ ಊರಿನ ಹೆಸರಿನ ಮೊದಲಕ್ಷರವೂ ಪಾರ್ಕ್ ಎಂಬ ಅಕ್ಷರದೊಳಗಿನ ಮರದ ಚಿಹ್ನೆಯೂ ಇದ್ದವು. ಜಪಾನಿನ ದೊರೆಗಳು ಹೆಸರು ಕಿತ್ತುಕೊಂಡರು, ಇವರು ಊರನ್ನು ಅದರೊಳಗೆ ಬಚ್ಚಿಟ್ಟರು. 1909ರಲ್ಲಷ್ಟೇ ಕುಲನಾಮ ಪಡೆದಿದ್ದವರ ಮಕ್ಕಳೂ 1940ರಲ್ಲಿ ಅದನ್ನು ಕಳೆದುಕೊಳ್ಳುವಾಗ ಸಂಕಟಪಟ್ಟರು. ಒಂದೇ ತಲೆಮಾರಿನಲ್ಲಿ ಎರವಲು ಸ್ವಂತವಾಗಿತ್ತು. 1946ರ ಅಕ್ಟೋಬರಿನಲ್ಲಿ ಹಳೆಯ ಹೆಸರುಗಳನ್ನು ಮರಳಿಸುವ ಆಜ್ಞೆ ಬಂದಿತು.

ಇನ್ನು ಗಿಮ್‌ಹೇ. ಬುಸಾನಿನ ಪಕ್ಕದಲ್ಲೇ ಇರುವ ಈ ಊರಿನಲ್ಲಿ ಗಾಯಾ ರಾಜ್ಯದ ಸುರೋ ಅರಸನ ಸಮಾಧಿ ಇದೆ, ಅವನ ರಾಣಿ ಹೊ ಹ್ವಾಂಗ್ ಓಕ್‌ಳ ಸಮಾಧಿಯೂ ಇದೆ. ಕ್ರಿ.ಶ. 48ರಲ್ಲಿ ಆಯುತಾ ಎಂಬ ದೇಶದಿಂದ ಹಡಗಿನಲ್ಲಿ ಬಂದ ರಾಜಕುಮಾರಿ ಅವಳು ಎಂದು ಸಮ್‌ಗುಕ್ ಯೂಸಾ ಎಂಬ ಗ್ರಂಥ ಹೇಳುತ್ತದೆ. ಅವಳ ಹಡಗಿನಲ್ಲಿ ಬಂದಿತೆನ್ನುವ ಕೆಂಪು ಛಾಯೆಯ ಕಲ್ಲುಗಳ ಗೋಪುರವೊಂದು ಸಮಾಧಿಯ ಬಳಿ ನಿಂತಿದೆ. ಆಯುತಾ ಎಂದರೆ ಅಯೋಧ್ಯೆ ಎಂದು ಓದಿ, 2001ರಲ್ಲಿ ಅಯೋಧ್ಯೆಯ ಸರಯೂ ತೀರದಲ್ಲಿ ಅವಳಿಗೊಂದು ಸ್ಮಾರಕವನ್ನೂ ಕಟ್ಟಲಾಯಿತು. ಭಾರತೀಯ ಪ್ರವಾಸಿಗೆ ಇದನ್ನು ಕೇಳಿ ಖುಷಿಯಾಗುವುದು ಸಹಜ. ಆದರೆ ಗ್ರಂಥ ಬರೆದದ್ದು ಘಟನೆಗೆ ಸಾವಿರದ ಇನ್ನೂರು ವರ್ಷಗಳ ಬಳಿಕ, ಒಬ್ಬ ಬೌದ್ಧ ಭಿಕ್ಷು ಬರೆದದ್ದು ಎಂಬುದನ್ನು ಮರೆಯಬಾರದು. ಅದನ್ನು ಚರಿತ್ರೆಯೆಂದು ಎದೆಗೊತ್ತಿಕೊಳ್ಳುವುದಕ್ಕಿಂತ, ಹೆಸರಿನ ವಿಚಾರದಲ್ಲಿ ಅದು ಮಾಡಿದ ಕೆಲಸವನ್ನು ನೋಡುವುದು ಲಾಭ. ದಂಪತಿಗೆ ಹತ್ತು ಗಂಡುಮಕ್ಕಳು, ಅವರಲ್ಲಿ ಇಬ್ಬರಿಗೆ ತಾಯಿಯ ಕುಲನಾಮ ಸಿಕ್ಕಿತು, ಗಿಮ್‌ಹೇಯ ಹೊ ವಂಶ ಅವರದು ಎಂದು ಮನೆತನದ ನಂಬಿಕೆ. ಆದ್ದರಿಂದ ಗಿಮ್‌ಹೇ ಕಿಮ್ ಮತ್ತು ಗಿಮ್‌ಹೇ ಹೊ ಇಂದಿಗೂ ಒಡಹುಟ್ಟಿದವರ ಲೆಕ್ಕ, ಪರಸ್ಪರ ಮದುವೆ ಕೂಡದು.

ಒಂದೇ ಕುಲನಾಮ, ಒಂದೇ ಮೂಲ ಊರು ಇದ್ದವರು ಮದುವೆಯಾಗಬಾರದೆಂಬ ನಿಯಮ ದಕ್ಷಿಣ ಕೊರಿಯಾದಲ್ಲಿ ಬರೀ ರೂಢಿಯಾಗಿರಲಿಲ್ಲ, ನಾಗರಿಕ ಸಂಹಿತೆಯ 809ನೇ ವಿಧಿಯಾಗಿತ್ತು. ಸಗೋತ್ರದ ಅಡ್ಡಿ ನಮಗೆ ಗೊತ್ತಿರುವುದೇ, ಆದರೆ ಭಾರತದಲ್ಲಿ ಸಗೋತ್ರ ವಿವಾಹಕ್ಕೆ 1946ರಲ್ಲೇ ಕಾನೂನಿನ ಮಾನ್ಯತೆ ಸಿಕ್ಕಿತ್ತು. ಅಲ್ಲಿ ನಲವತ್ತು ಲಕ್ಷ ಗಿಮ್‌ಹೇ ಕಿಮ್‌ಗಳಲ್ಲಿ ಒಬ್ಬ ಹುಡುಗ, ಒಬ್ಬ ಹುಡುಗಿ, ಎಂದೂ ಮುಖ ನೋಡದ ಎರಡು ಊರಿನವರು, ಪ್ರೀತಿಸಿದರೆ ಕಾನೂನಿನ ಕಣ್ಣಿನಲ್ಲಿ ಅಣ್ಣ ತಂಗಿ. ಅವರ ಮದುವೆ ನೋಂದಣಿಯಾಗುತ್ತಿರಲಿಲ್ಲ, ಮಕ್ಕಳು ಕಾನೂನುಬದ್ಧ ದಂಪತಿಯ ಮಕ್ಕಳೆನಿಸುತ್ತಿರಲಿಲ್ಲ. 1978, 1988, 1996ರಲ್ಲಿ ಒಂದೊಂದು ವರ್ಷದ ಮಟ್ಟಿಗೆ ವಿನಾಯಿತಿ ಕೊಟ್ಟು ಇಂಥವರ ನೋಂದಣಿಗೆ ದಾರಿ ಮಾಡಲಾಯಿತು. ಕೊನೆಗೆ 1997ರ ಜುಲೈನಲ್ಲಿ ಸಂವಿಧಾನ ನ್ಯಾಯಾಲಯ ಈ ವಿಧಿ ಸಂವಿಧಾನಕ್ಕೆ ಹೊಂದುವುದಿಲ್ಲ ಎಂದು ತೀರ್ಪು ನೀಡಿತು. ಕನ್ಫ್ಯೂಶಿಯನ್ ಸಂಪ್ರದಾಯಸ್ಥರ ವಿರೋಧದಿಂದಾಗಿ ಸಂಸತ್ತು ತಿದ್ದುಪಡಿ ಮಾಡಲು 2005ರ ತನಕ ಎಳೆಯಿತು. ವಂಶಾವಳಿ ಸುಳ್ಳೆನ್ನುವವರು ಈ ದಂಪತಿಗಳ ಮುಂದೆ ಹಾಗೆ ಹೇಳುವುದು ಕಷ್ಟ. ಖರೀದಿಸಿದ ವಂಶಾವಳಿಯ ಮೇಲೂ ನಿಜವಾದ ಕಾನೂನು ಬಿತ್ತು. ಮೂರು ತಲೆಮಾರಿನ ಹಿಂದೆ ಗುಮಾಸ್ತ ಬರೆದ ಊರಿನ ಹೆಸರಿನಿಂದಾಗಿ ಮೊಮ್ಮಕ್ಕಳ ಮದುವೆ ತಪ್ಪಿತು. ಮೇಲಿನವರ ಹೆಸರನ್ನು ಪಡೆದವರು ಮೇಲಿನವರ ಕಟ್ಟುಪಾಡನ್ನೂ ಹೊರಬೇಕಾಯಿತು. ಈ ನಷ್ಟವನ್ನು ನಾನು ಹೊಗಳಿದ ಆ ಸಮತೆಯ ಲೆಕ್ಕದಲ್ಲೇ ಕಳೆಯಬೇಕು.

ಸಮತೆ ಎಂದೆ. ಯಾರಿಗೆ ಎಂದು ಕೇಳುವವರಿಗೆ ನನ್ನ ವಾದದಲ್ಲಿ ಪೂರ್ತಿ ಉತ್ತರವಿಲ್ಲ. ಮದುವೆಯಾದ ಮೇಲೂ ಕೊರಿಯಾದ ಹೆಂಗಸರು ತವರಿನ ಕುಲನಾಮವನ್ನು ಬಿಡುವುದಿಲ್ಲ. ಮಾಜಿ ಅಧ್ಯಕ್ಷ ಮೂನ್ ಜೇ ಇನ್ ಅವರ ಹೆಂಡತಿ ಕಿಮ್ ಜುಂಗ್ ಸೂಕ್. ಇದನ್ನು ಕಂಡು ಹೊರಗಿನವರು ಮೆಚ್ಚುವುದುಂಟು, ಆದರೆ ಇದರ ಮೂಲ ಮೆಚ್ಚುವಂಥದ್ದಲ್ಲ. ಸೊಸೆ ಗಂಡನ ವಂಶಕ್ಕೆ ಹೊರಗಿನವಳು, ವಂಶಕ್ಕೆ ಮಗನನ್ನು ಕೊಟ್ಟರೂ ಹೆಸರಿಗೆ ಹೊರಗಿನವಳು. ಹುಟ್ಟಿದ ಮನೆಯ ಜೊಕ್‌ಬೊದಲ್ಲೂ ಅನೇಕ ಕಡೆ ಮಗಳ ಹೆಸರಿನ ಜಾಗದಲ್ಲಿ ಅಳಿಯನ ಹೆಸರು ಬರೆಯುವ ಪದ್ಧತಿ. ಮೊದಲಿನಿಂದಲೂ ಹೀಗೇ ಇತ್ತೇ ಎಂದರೆ ಇಲ್ಲ. ಉಳಿದಿರುವ ಅತ್ಯಂತ ಹಳೆಯ ವಂಶಾವಳಿ 1476ರದು, ಆಂದೊಂಗ್ ಕ್ವೊನ್ ಮನೆತನದ್ದು. ಅದರಲ್ಲಿ ಗಂಡು ಹೆಣ್ಣೆಂಬ ಭೇದವಿಲ್ಲದೆ ಹುಟ್ಟಿದ ಕ್ರಮದಲ್ಲಿ ಮಕ್ಕಳನ್ನು ಬರೆದಿದೆ, ಹೆಣ್ಣುಮಕ್ಕಳ ಸಂತತಿಯನ್ನೂ ಬಿಡದೆ ಹಿಂಬಾಲಿಸಿದೆ. ಹದಿನೇಳನೇ ಶತಮಾನದ ಬಳಿಕ ಗಂಡುಮಕ್ಕಳು ಮುಂದೆ ಬಂದರು, ಹೆಣ್ಣುಮಕ್ಕಳ ಕವಲು ಒಣಗಿತು. ಕೆಳಗಿನ ಗಂಡಸರು ಮೇಲಿನ ಹೆಸರುಗಳನ್ನು ಹತ್ತುತ್ತಿದ್ದ ಕಾಲದಲ್ಲೇ ಹೆಂಗಸರು ಆ ಪುಸ್ತಕಗಳಿಂದ ಜಾರುತ್ತಿದ್ದರು. 2005ರಲ್ಲಿ ಮಾತ್ರ, ಯೊಂಗಿನ್ ಲೀ ಮನೆತನದ ಹೆಣ್ಣುಮಕ್ಕಳು ಹೂಡಿದ ದಾವೆಯಲ್ಲಿ, ವಯಸ್ಕ ಹೆಣ್ಣುಮಕ್ಕಳೂ ವಂಶದ ಸಂಘಕ್ಕೆ ಸದಸ್ಯರೇ ಎಂದು ಸುಪ್ರೀಂ ಕೋರ್ಟು ಹೇಳಿತು. ಅದೇ ವರ್ಷ ಗಂಡಸು ಯಜಮಾನನಾಗಿರುವ ಹೋಜು ಎಂಬ ಕುಟುಂಬ ನೋಂದಣಿ ಪದ್ಧತಿ ಅಸಾಂವಿಧಾನಿಕ ಎನಿಸಿತು, 2008ರ ಜನವರಿ 1ರಿಂದ ಅದು ಇಲ್ಲವಾಯಿತು. ಅಂದಿನಿಂದ ಗಂಡ ಹೆಂಡತಿ ಮದುವೆ ನೋಂದಾಯಿಸುವಾಗಲೇ ಒಪ್ಪಿ ಬರೆದುಕೊಟ್ಟರೆ ಮಕ್ಕಳಿಗೆ ತಾಯಿಯ ಕುಲನಾಮವನ್ನೂ ಮೂಲ ಊರನ್ನೂ ಕೊಡಬಹುದು. ಸುಮ್ಮನಿದ್ದರೆ ತಂದೆಯದೇ. ಗಿಮ್‌ಹೇಯ ರಾಣಿಗೆ ಕಥೆಯಲ್ಲಿ ಸಿಕ್ಕ ಹಕ್ಕು ಕಾನೂನಿಗೆ ಇಳಿಯಲು ಅಷ್ಟು ಕಾಲ ಹಿಡಿಯಿತು.

ಕುಲನಾಮ ರಕ್ತದ್ದಲ್ಲ, ಸೇರ್ಪಡೆಯದು ಎಂಬುದಕ್ಕೆ ಹೊರಗಿನಿಂದ ಬಂದವರೇ ಕೊನೆಯ ಸಾಕ್ಷಿ. 1592ರ ಯುದ್ಧದಲ್ಲಿ ಜಪಾನಿನ ಕಡೆಯಿಂದ ಬಂದು ಕೊರಿಯಾದ ಪಕ್ಷ ಸೇರಿದ ಸಾಯಾಕಾ ಎಂಬ ದಳಪತಿಗೆ ಅರಸ ಕಿಮ್ ಎಂಬ ಕುಲನಾಮ ಕೊಟ್ಟ. ಅವನು ಕಿಮ್ ಚುಂಗ್ ಸೊನ್ ಆದ. ದೇಗು ಬಳಿಯ ಊರೋಕ್ ಎಂಬ ಹಳ್ಳಿ ಅವನ ವಂಶದವರದು. ಹ್ವಾಸಾನ್ ಲೀಗಳು ಹದಿಮೂರನೇ ಶತಮಾನದಲ್ಲಿ ವಿಯೆಟ್ನಾಮಿನಿಂದ ಓಡಿಬಂದ ರಾಜಕುಮಾರನ ಮಕ್ಕಳೆಂದು ಹೇಳಿಕೊಳ್ಳುತ್ತಾರೆ, 1990ರ ದಶಕದಲ್ಲಿ ಅವರಲ್ಲಿ ಕೆಲವರು ಹನೋಯ್ ಬಳಿಯ ಆ ಅರಸರ ಗುಡಿಗೆ ಹೋಗಿ ಧೂಪ ಹಚ್ಚಿ ಬಂದರು. ನಮ್ಮ ಕಾಲದಲ್ಲಿ ಜರ್ಮನಿಯಿಂದ ಬಂದು ಕೊರಿಯಾದ ಪ್ರಜೆಯಾದ ಲೀ ಚಾಮ್ ಎಂಬವರ ಮೂಲ ಊರಿನ ಜಾಗದಲ್ಲಿ ಜರ್ಮನಿ ಎಂದೇ ಬರೆದಿದೆ. 2009ರಲ್ಲಿ ಆ ದೇಶದ ಪ್ರವಾಸೋದ್ಯಮ ಸಂಸ್ಥೆಗೇ ಅವರು ಮುಖ್ಯಸ್ಥರಾದರು. ಹಿಂದಿನ ಸೋವಿಯತ್ ನಾಡಿನಿಂದ ಬಂದ ಫುಟ್‌ಬಾಲ್ ಗೋಲ್‌ಕೀಪರ್ ವಲೇರಿ ಸರಿಚೆವ್‌ಗೆ ಅಭಿಮಾನಿಗಳು ಇಟ್ಟ ಬಿರುದು ದೇವರ ಕೈ, ಅಂದರೆ ಶಿನ್ ಉಯ್ ಸೊನ್. ಪ್ರಜೆಯಾದಾಗ ಆ ಬಿರುದನ್ನೇ ಹೆಸರು ಮಾಡಿಕೊಂಡು, ಸೋಲ್ ಪಕ್ಕದ ಗುರಿ ಎಂಬ ಊರನ್ನು ಮೂಲವೆಂದು ಬರೆಸಿ, ಗುರಿ ಶಿನ್ ವಂಶದ ಮೂಲಪುರುಷನಾದ. 2015ರ ಗಣತಿಯಲ್ಲಿ ಕುಲನಾಮಗಳ ಸಂಖ್ಯೆ ದಿಢೀರನೆ 5,582ಕ್ಕೆ ಏರಿದ್ದು ಇಂಥವರಿಂದಲೇ. ಅವುಗಳಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚಿನವಕ್ಕೆ ಚೀನೀ ಲಿಪಿಯ ರೂಪವೇ ಇಲ್ಲ.

ಹೊಸಬರಲ್ಲಿ ತಮ್ಮ ಹೆಸರನ್ನೇ ಉಳಿಸಿಕೊಂಡವರಿದ್ದಾರೆ, ಕಿಮ್, ಲೀ ಎಂದು ಬರೆಸಿದವರೂ ಇದ್ದಾರೆ. ಮಂಗೋಲಿಯಾವನ್ನು ಮೂಲ ಊರೆಂದು ಬರೆಸಿದ ಕಿಮ್‌ಗಳಿದ್ದಾರೆಂದು ಅಲ್ಲಿನ ಪತ್ರಿಕೆಗಳು ಬರೆದದ್ದುಂಟು. 1909ರ ರೈತ ಮಾಡಿದ್ದನ್ನೇ ಇವರೂ ಮಾಡುತ್ತಿದ್ದಾರೆ, ಬೆಲೆ ಮಾತ್ರ ಇಳಿದಿದೆ: ನ್ಯಾಯಾಲಯಕ್ಕೆ ಒಂದು ಅರ್ಜಿ, ಅಷ್ಟೇ. ಅರ್ಜಿ ಹಾಕುವವರಲ್ಲಿ ಮದುವೆಯಾಗಿ ಬಂದ ವಿಯೆಟ್ನಾಂ, ಫಿಲಿಪೈನ್ಸಿನ ಹೆಣ್ಣುಮಕ್ಕಳೂ ಬಹಳ. ಅಂಥವಳು ಹೊಸ ಕುಲನಾಮವನ್ನೂ ಹೊಸ ಮೂಲ ಊರನ್ನೂ ಬರೆಸಿದ ದಿನ ಕಾನೂನಿನ ಪ್ರಕಾರ ಒಂದು ವಂಶದ ಆದಿ. ಮಕ್ಕಳು ತಂದೆಯ ಕುಲನಾಮಕ್ಕೆ ಹೋಗುವುದರಿಂದ, ಮದುವೆಯ ನೋಂದಣಿಯಂದು ಬೇರೆ ಬರೆಸಿರದಿದ್ದರೆ, ಆ ವಂಶದ ಅಂತ್ಯವೂ ಅವಳೇ.